ನಮ್ಮ ಕ್ಷೇತ್ರ ಹೋದ ಮೇಲೆ

ಪ್ವಾಂತ್-ಗ್ರೀಜ್, ನೋವಾ ಸ್ಕೋಶಾ

ಆನ್ಸೆಲ್ಮ್ ಅಣ್ಣನಿಗೆ,

ನಾವೆಲ್ಲ ಚೆನ್ನಾಗಿದ್ದೇವೆ ಎಂದು ಸುಳ್ಳು ಬರೆಯಲಾರೆ.

ಫ್ರೆಂಚ್ ಮಾತಾಡುವ ನಮ್ಮವರ ಪುಟ್ಟ ಮತಕ್ಷೇತ್ರವನ್ನು ಅಳಿಸಿ ಇಂಗ್ಲಿಷರ ಪೇಟೆಗೆ ಸೇರಿಸುವಾಗ, ಶಾಸನಸಭೆಯಲ್ಲಿ ನಮ್ಮ ಶಾಸಕನಾಗಿದ್ದ ನೀನೇ ಕೈ ಎತ್ತಿದೆ. "ಜನ ಕಮ್ಮಿ, ಪಕ್ಷ ಹೇಳ್ತು, ನಾನೇನ್ ಮಾಡ್ಲಿ?" ಅಂದೆ.

ಅಮ್ಮನಿಗೀಗ ಎದ್ದು ಓಡಾಡುವುದೇ ಕಷ್ಟ. ಮನೆಗೆ ಬಂದು ನೋಡುವ ನರ್ಸ್ ಬೇಕೆಂದು ಕೇಳಲು ಮೊನ್ನೆ ಪೇಟೆಗೆ, ಹೊಸ ಶಾಸಕರ ಕಚೇರಿಗೆ ಹೋಗಿದ್ದೆವು. ಅಮ್ಮ ತಾನೇ ಫ್ರೆಂಚಿನಲ್ಲಿ ಶುರುಮಾಡಿದಳು. ಅಲ್ಲಿದ್ದ ಹುಡುಗಿ ನನ್ನ ಕಡೆ ತಿರುಗಿ, "ಅಜ್ಜಿ ಏನಂತಾರೆ? ಯಾವ ದೇಶದೋರು?" ಅಂದಳು. ಅಷ್ಟು ಇಂಗ್ಲಿಷ್ ಅಮ್ಮನಿಗೆ ಅರ್ಥವಾಗುತ್ತದೆ.

"ಇವಳ ಮುತ್ತಜ್ಜ ಹಡಗು ಹತ್ತೋ ಮೊದ್ಲೇ ನಾವಿಲ್ಲಿದ್ವಿ ಅಂತ ಹೇಳೇ," ಅಂದಳು.

ನಾನು ಹೇಳಲಿಲ್ಲ. ನರ್ಸ್ ಬೇಕು ಅಂತಷ್ಟೇ ಇಂಗ್ಲಿಷಿನಲ್ಲಿ ಬೇಡಿಕೊಂಡೆ. ನರ್ಸ್ ಇನ್ನೂ ಬಂದಿಲ್ಲ.

ಈ ಸಲ ನೀನು ಆ ಹೊಸ ಕ್ಷೇತ್ರದಲ್ಲೇ ನಿಲ್ಲುತ್ತೀಯಂತೆ. ಪ್ರಚಾರಕ್ಕೆ ಬರುವಾಗ ಅವಳ ಮಂಡಿಗೆ ಮುಲಾಮು ತಾ. ಬಾಗಿಲು ಹಾಕುವುದಿಲ್ಲ. ಅಮ್ಮ ನಿನಗೆ ಇಷ್ಟೇ ಬರೆಯಲು ಹೇಳಿದಳು: "ಬರ್ಲಿ. ಆದ್ರೆ ನನ್ನತ್ರ ಓಟು ಇಂಗ್ಲಿಷಲ್ಲೇ ಕೇಳ್ಲಿ."

ನಿನ್ನ ತಂಗಿ,
ಝೆರ್ಮೆನ್