ದಿಬ್ಬದ ಮೇಲಿನ ನದಿಮನೆ

ಪ್ರೀತಿಯ ಡೆರಿಕ್,

ನೀನು ಊಟಕ್ಕೆ ಕರಿದ ಮೀನು ತರಲು ಹೋಗಿದ್ದೀಯ. ಬರುವಷ್ಟರಲ್ಲಿ ಇದನ್ನು ಬರೆದು ಚಹಾ ಕೆಟಲ್‌ಗೆ ಒರಗಿಸಿಡುತ್ತೇನೆ. ಎದುರಿಗೆ ಕೂತು ಹೇಳಹೊರಟರೆ ನೀನು ನಕ್ಕುಬಿಡುತ್ತೀಯ, ನನಗೆ ಅಳು ಬರುತ್ತದೆ.

ನಿನ್ನಕ್ಕ ಮೇವಿಸ್ ನದಿದಂಡೆಯ ನಿಮ್ಮ ಹಳೇ ಮನೆ ಬಿಟ್ಟು ಮಗಳ ಹತ್ತಿರ ಹೋಗುತ್ತಿದ್ದಾಳೆ. ಅಲ್ಲಿಗೆ ನಾವು ಹೋಗುವುದೋ, ಅದನ್ನು ಮಾರುವುದೋ, ಭಾನುವಾರದೊಳಗೆ ಹೇಳಬೇಕು. "ನಿಂಗೆ ಹೆಂಗನ್ಸುತ್ತೋ ಹಂಗ್ ಮಾಡೋಣ ಕಣೇ" ಎಂದು ನೀನು ಕೈತೊಳೆದುಕೊಂಡೆ. ನನಗೆ ಹೇಗನ್ನಿಸುತ್ತದೆ ಎನ್ನುವುದೇ ನನಗೆ ತಿಳಿಯುತ್ತಿಲ್ಲ.

ನಾನು ಬೆಟ್ಟದ ಮೇಲೆ ಕುರಿ ಸಾಕುವವರ ಮಗಳು. ಮದುವೆಯಾಗಿ ಯಾರ್ಕ್‌ಗೆ ಬಂದ ಮೊದಲ ಚಳಿಗಾಲದಲ್ಲೇ ಊಸ್ ನದಿ ನಿಮ್ಮ ಆ ಮನೆಯ ಹೊಸ್ತಿಲು ದಾಟಿ ಒಳಗೆ ಬಂತು, ನನ್ನ ಹೊಸ ಚಪ್ಪಲಿಗಳನ್ನು ತೇಲಿಸಿಕೊಂಡು ಹೋಯಿತು. ನದಿಯ ಹತ್ತಿರ ಇರಲಾರೆನೆಂದು ನಾನು ಹಟ ಹಿಡಿದೆ. ನೀನು ಮರುಮಾತಾಡದೆ ಹೋಲ್ಗೇಟ್ ದಿಬ್ಬದ ಮೇಲೆ ಈ ಮನೆ ಕಟ್ಟಿಸಿದೆ.

ಕಟ್ಟಿಸಿದ್ದಾದರೂ ಎಂಥಾ ಮನೆ! ಬಾಗಿಲಿಗೆ ಎತ್ತರದ ಮೆಟ್ಟಿಲು, ಕೆಳಗೆಲ್ಲ ಕಲ್ಲುಹಾಸು, ಸೋಫಾ ಹೊತ್ತು ಹತ್ತುವಷ್ಟು ಅಗಲದ ಮಹಡಿ ಮೆಟ್ಟಿಲು, ಎದೆಮಟ್ಟದಲ್ಲಿ ಪ್ಲಗ್ ಪಾಯಿಂಟ್‌ಗಳು, ಎಲ್ಲ ನೆರೆಗೆ ಸಿದ್ಧವಾಗಿದ್ದ ನಿಮ್ಮ ಹಳೇ ಮನೆಯ ಹಾಗೇ. "ನದಿ ಇಲ್ಲೀವರ್ಗೂ ಬಂದ್ರೆ ಊರಲ್ಲಿ ಚರ್ಚಿನ ಗೋಪುರ ಒಂದೇ ಉಳಿಯೋದು ನೋಡು" ಎಂದು ನಾನು ಆಡಿಕೊಂಡಿದ್ದೆ. "ಮನೆ ಅಂದ್ರೆ ಹಿಂಗೇ ಅಲ್ವೇನೇ, ಬೇರೆ ಥರಾನೂ ಕಟ್ತಾರಾ?" ಎಂದೆ ನೀನು. ನಿಜಕ್ಕೂ ನಿನಗೆ ಗೊತ್ತಿರಲಿಲ್ಲ.

ಪ್ರತಿ ನೆರೆಗೂ ಮೇವಿಸ್‌ಳ ಸಾಮಾನು ಮೇಲೇರಿಸಲು ಓಡುತ್ತೀಯ. ಒದ್ದೆಮುದ್ದೆಯಾಗಿ ಬರುವಾಗ ನಿನ್ನ ಮುಖದಲ್ಲೊಂದು ಕಳೆ ಇರುತ್ತದೆ. ಅದನ್ನು ಕಂಡರೆ ನನಗೆ ಸಂಕಟ. ನಾನು ನಿನ್ನನ್ನು ನೀರಿನಿಂದ ಉಳಿಸಿದೆನೋ, ನಿನ್ನ ಮನೆಯಿಂದಲೇ ಹೊರಗೆ ಹಾಕಿದೆನೋ?

ಇವತ್ತು ಬೆಳಿಗ್ಗೆ ನೀನು ಹೊರಗಿದ್ದೆ. ಮೇಲಿನ ಕಣಿವೆಗಳಲ್ಲಿ ಜೋರು ಮಳೆ ಎಂದು ರೇಡಿಯೋದಲ್ಲಿ ಹೇಳಿದರು. ಏನು ಮಾಡುತ್ತಿದ್ದೇನೆಂದು ಅರಿವಾಗುವ ಹೊತ್ತಿಗೆ ನಾನು ಹಜಾರದ ಜಮಖಾನೆ ಸುತ್ತಿ ಮಹಡಿಗೆ ಎಳೆದುಕೊಂಡು ಹೋಗಿದ್ದೆ! ಕುರ್ಚಿಗಳೆಲ್ಲ ಮೇಜಿನ ಮೇಲೆ. ಈ ದಿಬ್ಬದ ಮೇಲೆ! ಮೇಲಿನ ಮೆಟ್ಟಿಲಲ್ಲಿ ಕೂತು ಕೆಳಗಿನ ಒಣ ಕಲ್ಲು ನೋಡುತ್ತಾ ನಕ್ಕೆ. ಆಮೇಲೆ ಭಯವಾಯಿತು. ನಾನು ಯಾವಾಗ ನದಿಯವಳಾದೆ, ಡೆರಿಕ್? ಯಾರಿಗೂ ಹೇಳಬೇಡ.

ನಾವೇ ಅಲ್ಲಿಗೆ ಬರುತ್ತೇವೆಂದು ಮೇವಿಸ್‌ಗೆ ಹೇಳಿಬಿಡು. ನದಿ ಕಂಡರೆ ನನಗೆ ಈಗಲೂ ಹೆದರಿಕೆಯೇ. ನಾಳೆ ನಾನೇ ಬೇಡ ಎನ್ನಬಹುದು, ಕೇಳಿಸಿಕೊಳ್ಳಬೇಡ. ಜಮಖಾನೆ ಮೇಲೆಯೇ ಇರಲಿ, ಅಲ್ಲಿಗೇ ಒಯ್ಯೋಣ. ಆದರೆ ಆ ಮನೆಯ ಪ್ಲಗ್ ಪಾಯಿಂಟ್‌ಗಳನ್ನು ಮೇವಿಸ್ ಕೆಳಗಿಳಿಸಿದ್ದರೆ ಮಾತ್ರ ನಾನು ಬರಲಾರೆ.

ನಿನ್ನ ಕಾಲು ಒಣಗಿರಲಿ ಎಂದು ಇನ್ನು ಹಾರೈಸುವುದಿಲ್ಲ. ಬೆಚ್ಚಗಿರಲಿ, ಸಾಕು.

ನಿನ್ನ
ಎನಿಡ್