ಚಾಪೆ ಎತ್ತಿದ ಗಳಿಗೆ

ಪ್ರೀತಿಯ ಪೌಲೊ,

“ಕ್ಷಮಿಸುವುದಕ್ಕೆ ಒಂದು ಗಳಿಗೆ ಸಾಕು” ಎಂದೋ ಏನೋ ನಿನ್ನ ಕಿರುಚಿತ್ರದಲ್ಲಿ ನನ್ನ ಪಾತ್ರ ಹೇಳುತ್ತದೆ. ಮಾತು ಸರಿಯಾಗಿ ನೆನಪಿಲ್ಲ. ಆದರೆ ಅಷ್ಟು ಸಾಕೇ, ಪೌಲೊ?

ನನ್ನ ಮಗ ಮಲಾಕಿಯ ಮೇಲೆ ಲಾರಿ ಹರಿಸಿದವನ ಮನೆಯವರು ಬೆಳಗಿನ ಜಾವ ನಮ್ಮಂಗಳದಲ್ಲಿ ಚಾಪೆ ಹೊದ್ದು, ತಲೆ ತಗ್ಗಿಸಿ ಕೂತದ್ದನ್ನು ಚೆನ್ನಾಗಿ ತೋರಿಸಿದ್ದೀಯ. ನಾವು ಚಾಪೆ ಎತ್ತಿದರೆ ಕ್ಷಮಿಸಿದಂತೆ. ಸಮೋವಾದಲ್ಲಿ ಎಲ್ಲರೂ ನಂಬುವುದು ಅದನ್ನೇ. ನಿನ್ನ ಚಿತ್ರದಲ್ಲಿ ನಾನು ಮಗನ ಫೋಟೊ ನೋಡುತ್ತೇನೆ, ಪಿಟೀಲು ಕೇಳಿಸುತ್ತದೆ, ಕಣ್ಣು ತುಂಬಿ ಬಂದು ಚಾಪೆ ಎತ್ತುತ್ತೇನೆ.

ನಡೆದದ್ದು ಹಾಗಲ್ಲ. ಬಿಸಿಲೇರಿತ್ತು. ಚಾಪೆಯಡಿ ಯಾರೋ ಕೆಮ್ಮಿದರು. ಅದು ಲಾರಿಯವನ ತಾಯಿ, ನಮ್ಮ ಪಕ್ಕದ ಮನೆಯ ಫೆತು. ಅವಳಿಗೆ ದಮ್ಮಿನ ಕಾಯಿಲೆ ಇದೆ; ಆ ಕೆಮ್ಮನ್ನು ಗೋಡೆಯಾಚೆಯಿಂದ ಎಷ್ಟೋ ವರ್ಷ ಕೇಳಿದ್ದೇನೆ. ಚಾಪೆ ಎತ್ತಿ, “ಎದ್ದೇಳೇ, ನೀರು ಕುಡಿ” ಅಂದೆ. ಅಷ್ಟೇ. ನನ್ನ ಮನಸ್ಸು ಎಲ್ಲಿತ್ತೋ ಅಲ್ಲೇ ಇತ್ತು. ಈಗಲೂ ಅಲ್ಲೇ ಇದೆ.

ಬೇರೆ ಊರುಗಳಲ್ಲಿ ತೋರಿಸುವ ಮೊದಲು ಪಿಟೀಲು ತೆಗೆದು ಆ ಕೆಮ್ಮು ಹಾಕು. ನಟನಿಗೆಂದು ಒಯ್ದ ಮಲಾಕಿಯ ಅಂಗಿಯನ್ನು ಒಗೆಯದೆ ಹಿಂದಿರುಗಿಸು.

ನಿನ್ನ ಚಿಕ್ಕಮ್ಮ,
ಸಿಯೆನಿ

ಕವರು ಅಂಟಿಸುವ ಹೊತ್ತಿಗೆ ಫೆತು ಬಂದಳು. ಸುಟ್ಟ ದೀವಿಹಲಸಿನ ತಟ್ಟೆ ಹಿಡಿದು ಬಾಗಿಲಲ್ಲೇ ನಿಂತಳು.

“ಒಳಗೆ ಬರಲ್ಲ ಕಣೇ. ನಿನ್ನೆ ಚರ್ಚಲ್ಲಿ ಆ ಸಿನಿಮಾ ನೋಡಿ ಬಂದಾಗಿಂದ ನನ್ನ ಮಗ ಅಳ್ತಾನೇ ಇದಾನೆ. ಅದ್ರಲ್ಲಿ ನೀನು ಮನಸಾರೆ ಕ್ಷಮಿಸ್ತೀಯಂತಲ್ಲ, ಅದು ನಿಜಾನಾ ಕೇಳ್ಕೊಂಡು ಬಾ ಅಂದ.”