ಇದಿ ಚಾಲು

ಪಾವಗಡ
೧೨ನೇ ಆಗಸ್ಟ್ ೧೯೩೮

ಚಿರಂಜೀವಿ ಇಂದ್ರಮ್ಮನಿಗೆ ಅಪ್ಪನ ಆಶೀರ್ವಾದಗಳು.

ನಾವಿಲ್ಲಿ ಕ್ಷೇಮ. ನಿನ್ನ ಕಾಗದ ಬಂದು ಇಪ್ಪತ್ತು ದಿನವಾಯಿತು. ಉತ್ತರ ತಡವಾದದ್ದಕ್ಕೆ ಕನ್ನಡಕದ ಮೇಲೆ ತಪ್ಪು ಹೊರಿಸಬಹುದಿತ್ತು, ಆದರೆ ಅದು ಸುಳ್ಳಾಗುತ್ತದೆ. ನೀನು ಕಾಲೇಜಿಗೆಂದು ಬರೆದ ಪ್ರಬಂಧವನ್ನು ನಾಲ್ಕು ಸಲ ಓದಿದೆ.

ಅಮೆರಿಕದ ಮೂಲ ಜನರಾದ ಮೆನಾಮಿನಿ ಎಂದರೆ ಕಾಡು ಅಕ್ಕಿಯ ಜನ ಎಂದು ಬರೆದಿದ್ದೀಯೆ. ಹಾಗಾದರೆ ನಾವು ರಾಗಿಯವರು ಎಂದು ನಿನ್ನಮ್ಮನಿಗೆ ಹೇಳಿದೆ. "ನೀವು ಮಾತ್ರ ಹುರುಳಿಯೋರು, ಬೇಯೋದು ಬಲು ತಡ" ಎಂದಳು.

ಆ ಜನರ ಗಟ್ಟಿತನಕ್ಕೆ ತಲೆದೂಗಿದೆ. ೧೮೪೮ರಲ್ಲಿ ಅಮೆರಿಕದ ಸರ್ಕಾರ ಕರಾರು ಬರೆಸಿಕೊಂಡು, ಇರುವ ನೆಲ ಬಿಟ್ಟು ದೂರದ ಸೀಮೆಗೆ ಹೋಗಿ ಎಂದಿತು. ಮುಖಂಡರು ಆ ಸೀಮೆಯನ್ನು ಸುತ್ತಾಡಿ ನೋಡಿ, ಇದು ನಮಗೆ ಬೇಡ ಎಂದು ವಾಪಸು ಬಂದರು. ಹಟ ಬಿಡಲಿಲ್ಲ. ಆರು ವರ್ಷದ ಮೇಲೆ ಅದೇ ಸರ್ಕಾರ ಇನ್ನೊಂದು ಕರಾರು ಮಾಡಿ, ವುಲ್ಫ್ ಎಂಬ ನದಿಯ ದಂಡೆಯಲ್ಲಿ, ಅವರ ಹಳೆಯ ಸೀಮೆಯೊಳಗೇ ಜಾಗ ಕೊಟ್ಟಿತು. ಮುದ್ರೆ ಬಿದ್ದ ಕಾಗದವನ್ನೂ ಬೇಡವೆನ್ನಬಹುದೆಂದು, ಮೂವತ್ತು ವರ್ಷ ಗುಮಾಸ್ತನಾಗಿದ್ದ ನನಗೆ ತಿಳಿದಿರಲಿಲ್ಲ. ಭಲೇ ಜನ ಕಣಮ್ಮ.

ಹೋದ ವಾರ ಗೊಲ್ಲರ ಗಿರಿಯಮ್ಮ ಹಳೆಯ ಕಾಗದವೊಂದನ್ನು ಸೆರಗಿನಲ್ಲಿ ಸುತ್ತಿಕೊಂಡು ಬಂದಿದ್ದಳು. ಇಪ್ಪತ್ತೆಂಟು ವರ್ಷದ ಹಿಂದೆ ಅವಳ ಅಪ್ಪ ಕ್ಯಾತಪ್ಪನ ಹಟ್ಟಿಯನ್ನು ಬೆಟ್ಟದ ಕೆಳಗಿನ ಹುಲ್ಲುಗಾವಲಿನಿಂದ ಎಬ್ಬಿಸಿ, ನಾಲ್ಕು ಮೈಲಿ ಆಚೆಯ ಕಲ್ಲುನೆಲಕ್ಕೆ ಸರ್ಕಾರದವರು ಕಳಿಸಿದ್ದರು. ಆ ಹುಲ್ಲುಗಾವಲನ್ನು ಈಗ ಹಟ್ಟಿಯವರು ವಾಪಸು ಕೇಳುತ್ತಿದ್ದಾರೆ. "ಸೋಮವಾರ ಅಮಲ್ದಾರ್ರು ಇಚಾರಣೆಗೆ ಬತ್ತಾರೆ ಅಯ್ನೋರೇ. ಇದ್ರಾಗೆ ನಮ್ಮ ನಾಯ್ನ ಏನಂದವ್ನೆ ವಸಿ ಓದಿ ಯೋಳಿ, ಅರ್ಜಿನೂ ಬರ್ಕೊಡಿ" ಎಂದಳು. ಶುಕ್ರವಾರ ಬಾ ಎಂದು ಸಾಗಹಾಕಿದೆ.

ನಿನ್ನ ಪ್ರಬಂಧದ ಕೊನೆಗೆ, 'ಅವರ ಮಾತನ್ನು ಇಂಗ್ಲಿಷಿಗೆ ತಿರುಗಿಸಿ ಬರೆದವರು ಸರಿಯಾಗಿ ಬರೆದರೋ ಇಲ್ಲವೋ ಯಾರು ಬಲ್ಲರು' ಎಂದು ಕೇಳಿದ್ದೀಯೆ. ಮೇಷ್ಟರು ಹೇಳಿದರೂ ಆ ಸಾಲನ್ನು ಹೊಡೆದುಹಾಕಬೇಡ.

ಶಿವ ನಿನ್ನನ್ನು ಚೆನ್ನಾಗಿಟ್ಟಿರಲಿ. ನಿನ್ನ ಕೈಬರಹ ನನ್ನದಕ್ಕಿಂತ ನೆಟ್ಟಗಿರಲಿ.

ನಿನ್ನ ಅಪ್ಪ,
ನಾಗಲಿಂಗಯ್ಯ

ತಾ.ಕ.: ಗಿರಿಯಮ್ಮ ತಂದ ಕಾಗದ ಬರೆದವನು ನಾನೇ. ಆಗ ಶಿರಾದಿಂದ ಹೊಸದಾಗಿ ಬಂದಿದ್ದೆ, ಹಟ್ಟಿಯವರಾಡುವ ತೆಲುಗು ನನಗೆ ಅರೆಬರೆ. ಹೊಸ ಜಾಗ ಒಪ್ಪಿಗೆಯೇ ಎಂದು ಅಧಿಕಾರಿ ಕೇಳಿದಾಗ ಕ್ಯಾತಪ್ಪ "ಮಾಕು ಇದಿ ಚಾಲು" ಎಂದ. ನಮಗೆ ಇದು ಸಾಕು ಎಂದು. ಹೊಸ ಜಾಗವೇ ಸಾಕೆಂದನೆಂದು ಬರೆದುಬಿಟ್ಟೆ. ತಲೆ ಬಗ್ಗಿಸಿ ಬರೆಯುತ್ತಿದ್ದವನು, ಅವನ ಕೈ ಎತ್ತ ತೋರಿಸುತ್ತಿದೆಯೆಂದು ನೋಡಲಿಲ್ಲ. ನನ್ನನ್ನು ನಂಬಿ ಅವನು ಹೆಬ್ಬೆಟ್ಟು ಒತ್ತಿದ. ಹಟ್ಟಿ ಕೀಳಿಸುವ ದಿನ ಕಾಲಡಿಯ ನೆಲ ತಟ್ಟಿ ಮತ್ತೆ ಅದೇ ಮಾತು ಹೇಳಿದಾಗ ಅರ್ಥವಾಯಿತು. ಕೆಲಸ ಹೋದೀತೆಂದು ಬಾಯಿ ಬಿಡಲಿಲ್ಲ.

ಈ ಬೆಳಿಗ್ಗೆ ಗಿರಿಯಮ್ಮನಿಗೆ ಎಲ್ಲ ಹೇಳಿದೆ. "ಅದ್ನೇ ಬರ್ಕೊಡಿ" ಎಂದಳು. ಅರ್ಜಿಯಲ್ಲಿ ನನ್ನ ತಪ್ಪನ್ನೂ ಬರೆದು, ಕೆಳಗೆ ನನ್ನ ರುಜು ಹಾಕಿದೆ. ಪಿಂಚಣಿಗೆ ಕುತ್ತು ಬಂದರೂ ಸೋಮವಾರ ಅಮಲ್ದಾರರ ಮುಂದೆ ನಿಲ್ಲುತ್ತೇನೆ. ಅವಳ ಹೆಬ್ಬೆಟ್ಟಿಗೆಂದು ಮಸಿ ಮುಂದಿಟ್ಟೆ. ಗಿರಿಯಮ್ಮ ಅರ್ಜಿಯನ್ನು ಮಡಚಿಕೊಂಡಳು. "ಇನ್ನೊಬ್ರ ಕೈಲಿ ಓದಿಸ್ಕೊಂಡು ಆಮ್ಯಾಕೆ ಒತ್ತೀನಿ ಅಯ್ನೋರೇ" ಎಂದು ಎದ್ದುಹೋದಳು.